ಖರಾಬು ಎಂದು ಬರೆಯಲಾದ ಶಿಖರಗಳು

ಕಂದಾಯ ದಾಖಲೆಗಳಲ್ಲಿ ಒಂದು ಪದವಿದೆ: ಖರಾಬು. ಉಳಲು ಬಾರದ, ಬಿತ್ತಲು ಬಾರದ, ಸರ್ಕಾರಕ್ಕೆ ಕಂದಾಯ ತಾರದ ನೆಲಕ್ಕೆಲ್ಲ ಇದೊಂದೇ ಹಣೆಪಟ್ಟಿ. ಬಳ್ಳಾರಿ ನಗರವನ್ನು ಸುತ್ತುವರಿದ, ಕುರುಗೋಡಿನ ಬೆನ್ನಿಗೆ ನಿಂತ, ಸಿರುಗುಪ್ಪ ತಾಲ್ಲೂಕಿನ ತೆಕ್ಕಲಕೋಟೆಯ ಬಯಲಿನಿಂದ ತಟ್ಟನೆ ಮೇಲೆದ್ದ ಕಗ್ಗಲ್ಲಿನ ಗುಡ್ಡಗಳನ್ನು ಆಡಳಿತದ ಕಣ್ಣು ನೋಡುವುದು ಈ ಪದದ ಮೂಲಕವೇ. ಸುಮಾರು 250 ಕೋಟಿ ವರ್ಷಗಳ ಹಿಂದೆ ಭೂಗರ್ಭದಲ್ಲಿ ಹೆಪ್ಪುಗಟ್ಟಿ, ಮೇಲಿನ ಪದರಗಳು ಸವೆದಂತೆಲ್ಲ ಬೆಳಕಿಗೆ ಬಂದ ಈ ಶಿಲೆಗಳಿಗೆ ಗಣಿ ಕಾನೂನು ಕೊಟ್ಟಿರುವ ಹೆಸರು ಇನ್ನೊಂದು: ಉಪಖನಿಜ. ಒಂದು ಇಲಾಖೆಗೆ ಖರಾಬು, ಮತ್ತೊಂದಕ್ಕೆ ಉಪಖನಿಜ. ಈ ಎರಡು ಪದಗಳ ನಡುವೆ ಬೆಟ್ಟ ಎಂಬುದಕ್ಕೆ ಜಾಗವೇ ಇಲ್ಲ.

ಬೆಟ್ಟವೆಂದರೆ ಗೌರವ ಹುಟ್ಟಬೇಕಾದರೆ ಅದು ದೂರದಲ್ಲಿರಬೇಕು, ಮುಗಿಲು ಮುಟ್ಟುವಂತಿರಬೇಕು, ಹಿಮ ಹೊದ್ದಿರಬೇಕು ಎಂಬ ನಂಬಿಕೆ ನಾಗರಿಕ ಸಮಾಜದಲ್ಲಿ ಗಟ್ಟಿಯಾಗಿ ಬೇರೂರಿದೆ. ಎವರೆಸ್ಟಿನ ಚರಿತ್ರೆ ಶಾಲೆಯ ಮಕ್ಕಳಿಗೂ ಗೊತ್ತು. 1852ರಲ್ಲಿ ರಾಧಾನಾಥ ಸಿಕ್ದಾರರ ಲೆಕ್ಕಾಚಾರ ಅದನ್ನು ಜಗತ್ತಿನ ಅತ್ಯುನ್ನತ ಶಿಖರವೆಂದು ತೋರಿಸಿತು; 1865ರಲ್ಲಿ ಅದಕ್ಕೆ ಅದನ್ನೆಂದೂ ಹತ್ತದ ಅಧಿಕಾರಿಯೊಬ್ಬನ ಹೆಸರನ್ನು ಇಡಲಾಯಿತು; 1953ರ ಮೇ 29ರಂದು ತೇನ್‌ಸಿಂಗ್ ಮತ್ತು ಹಿಲರಿ ನೆತ್ತಿ ತಲುಪಿದರು. ಅಳೆದವರು, ಹೆಸರಿಟ್ಟವರು, ಮೊದಲು ಬಾವುಟ ನೆಟ್ಟವರು: ಆರೋಹಣದ ಚರಿತ್ರೆ ಎಂದರೆ ಇಷ್ಟೇ ಎಂದು ತಿಳಿಯಲಾಗಿದೆ. ಅಲ್ಲಿ ತಲೆತಲಾಂತರದಿಂದ ಬಾಳಿದವರು ಆ ಪರ್ವತವನ್ನು ಚೊಮೊಲುಂಗ್ಮಾ ಎಂದು ಕರೆಯುತ್ತಿದ್ದುದು ಈ ಚರಿತ್ರೆಗೆ ಅಡಿಟಿಪ್ಪಣಿ ಮಾತ್ರ.

ಈ ಅಳತೆಗೋಲನ್ನು ಬಳ್ಳಾರಿಗೆ ತಂದರೆ ಅಲ್ಲಿನ ಗುಡ್ಡಗಳಿಗೆ ಚರಿತ್ರೆಯೇ ಇರುವುದಿಲ್ಲ. ಕೋಟೆಯಿರುವ ಬಳ್ಳಾರಿ ಗುಡ್ಡ ಸುತ್ತಲಿನ ಬಯಲಿನಿಂದ ಮೇಲೇಳುವುದು ಸುಮಾರು 450 ಅಡಿ. ಯಾವ ಆರೋಹಿಯ ಹೆಸರೂ ಅದಕ್ಕೆ ಅಂಟಿಲ್ಲ. ಆದರೆ ಕರ್ನಾಟಕದಲ್ಲಿ ಮನುಷ್ಯ ಬೆಟ್ಟ ಹತ್ತಿದುದಕ್ಕೆ, ಹತ್ತಿ ಅಲ್ಲಿ ನೆಲೆನಿಂತುದಕ್ಕೆ, ದೊರೆತಿರುವ ಅತ್ಯಂತ ಹಳೆಯ ಸ್ಪಷ್ಟ ಸಾಕ್ಷ್ಯಗಳಲ್ಲಿ ಕೆಲವು ಇರುವುದು ಇದೇ ಖರಾಬು ಗುಡ್ಡಗಳಲ್ಲಿ. ಆ ಸಾಕ್ಷ್ಯವನ್ನು ಹೊತ್ತಿರುವ ಬಂಡೆಯನ್ನೇ ಜಲ್ಲಿಯಾಗಿಸಬಹುದೆಂಬ ವ್ಯವಸ್ಥೆಯನ್ನು ಪ್ರಶ್ನಿಸದಿದ್ದರೆ, ಎತ್ತರದ ಶಿಖರಗಳ ಬಗ್ಗೆ ಆಡುವ ಭಕ್ತಿಯ ಮಾತಿಗೆ ಅರ್ಥವಿಲ್ಲ.

ಮೊದಲು ಹತ್ತಿದವರು

ಬಳ್ಳಾರಿ ನಗರದಿಂದ ಕೆಲವೇ ಕಿಲೋಮೀಟರ್ ದೂರದಲ್ಲಿ, ಸಂಗನಕಲ್ಲು ಮತ್ತು ಕುಪ್ಪಗಲ್ಲು ಗ್ರಾಮಗಳ ಆಸುಪಾಸಿನಲ್ಲಿ, ಗುಡ್ಡಗಳದೊಂದು ಗುಂಪಿದೆ. ಹಿರಿದಾದುದಕ್ಕೆ ಹಿರೇಗುಡ್ಡವೆಂದೇ ಹೆಸರು; ಸಮೀಪದಲ್ಲಿ ಸನ್ನರಾಚಮ್ಮನ ಗುಡ್ಡ. ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ 1872ರಲ್ಲಿ ಇಲ್ಲಿ ನವಶಿಲಾಯುಗದ ನೆಲೆಯನ್ನು ಗುರುತಿಸಿದರು. 1940ರ ದಶಕದಲ್ಲಿ ಬೆಂಡಪೂಡಿ ಸುಬ್ಬರಾವ್ ಉತ್ಖನನ ನಡೆಸಿ, 1948ರಲ್ಲಿ ಬಳ್ಳಾರಿಯ ಶಿಲಾಯುಗದ ಸಂಸ್ಕೃತಿಗಳನ್ನು ಕುರಿತ ಗ್ರಂಥವನ್ನು ಹೊರತಂದರು. 1990ರ ದಶಕದ ಕೊನೆಯಿಂದ ರವಿ ಕೋರಿಶೆಟ್ಟರ್, ನಿಕೋಲ್ ಬೊಯ್ವಿನ್, ಡೋರಿಯನ್ ಫುಲ್ಲರ್ ಮೊದಲಾದ ವಿದ್ವಾಂಸರು ಇದೇ ಗುಡ್ಡಗಳ ಮೇಲೆ ಹೊಸ ಸಂಶೋಧನೆ ಕೈಗೊಂಡರು. ಇವೆಲ್ಲದರಿಂದ ಹೊರಬಂದ ಚಿತ್ರ ಸ್ಪಷ್ಟ: ಕ್ರಿಸ್ತಪೂರ್ವ ಎರಡನೆಯ ಸಹಸ್ರಮಾನದಲ್ಲಿ, ಎಂದರೆ ಇಂದಿಗೆ ಮೂರೂವರೆ ನಾಲ್ಕು ಸಾವಿರ ವರ್ಷಗಳ ಹಿಂದೆ, ದನಗಾಹಿಗಳೂ ಬೇಸಾಯಗಾರರೂ ಆಗಿದ್ದ ಜನ ಈ ಗುಡ್ಡಗಳ ಮೇಲೆ ಮನೆ ಕಟ್ಟಿಕೊಂಡು ತಲೆಮಾರುಗಳ ಕಾಲ ಬಾಳಿದರು.

ಸಿರುಗುಪ್ಪ ತಾಲ್ಲೂಕಿನ ತೆಕ್ಕಲಕೋಟೆಯ ಕಥೆಯೂ ಇದೇ. ಎಂ.ಎಸ್. ನಾಗರಾಜರಾವ್ ಮತ್ತು ಕೆ.ಸಿ. ಮಲ್ಹೋತ್ರಾ ಅಲ್ಲಿ ಉತ್ಖನನ ನಡೆಸಿ 1965ರಲ್ಲಿ ಪ್ರಕಟಿಸಿದ ವರದಿಯ ಶೀರ್ಷಿಕೆಯಲ್ಲೇ ಆ ಜನರನ್ನು ಶಿಲಾಯುಗದ ಗುಡ್ಡವಾಸಿಗಳೆಂದು ಕರೆಯಲಾಗಿದೆ. ದುಂಡನೆಯ ಗುಡಿಸಲುಗಳ ನೆಲ, ಮಡಕೆಗಳು, ಕಲ್ಲಿನ ಕೊಡಲಿಗಳು, ಸತ್ತವರನ್ನು ಹೂತ ಗುರುತುಗಳು, ಜೊತೆಗೆ ತಾಮ್ರದ ವಸ್ತುಗಳು ಮತ್ತು ತುಣುಕು ಬಂಗಾರದ ಆಭರಣ ಕೂಡ ಅಲ್ಲಿ ದೊರೆತವು. ಇಂದು ಗದ್ದೆಬಯಲೆಂದೇ ಹೆಸರಾದ ಸಿರುಗುಪ್ಪ ಸೀಮೆಯ ಮೊದಲ ಬೇಸಾಯಗಾರರು ಬಯಲಿನವರಲ್ಲ, ಗುಡ್ಡದವರು.

ಅವರೇಕೆ ಹತ್ತಿದರು? ಸಾಹಸಕ್ಕಾಗಿ ಅಲ್ಲವೆಂಬುದು ಖಂಡಿತ. ಬಂಡೆಯ ಇಳಿಜಾರಿನ ಬುಡದಲ್ಲಿ ಕೂಡಿಕೊಳ್ಳುವ ಮರಳುಮಿಶ್ರಿತ ಕೆಂಪು ಮಣ್ಣು ಹಗುರ. ಕಲ್ಲಿನ ಸಲಕರಣೆಗೂ ಒಗ್ಗುವಂಥದು. ಎರೆಮಣ್ಣಿನ ಬಯಲು ನೇಗಿಲಿಲ್ಲದವರಿಗೆ ಸುಲಭವಾಗಿ ಮಣಿಯುವಂಥದಲ್ಲ. ಗುಡ್ಡದ ಮೇಲಿನ ದೊಣೆಗಳಲ್ಲಿ ಮಳೆಯ ನೀರು ನಿಲ್ಲುತ್ತದೆ. ನೆತ್ತಿಯಲ್ಲಿ ನಿಂತವರಿಗೆ ಬಯಲಲ್ಲಿ ಮೇಯುವ ದನಗಳು ಕಾಣುತ್ತವೆ. ಈ ನೆಲೆಗಳಲ್ಲಿ ದೊರೆತ ಕರಿಕಾದ ಕಾಳುಗಳ ಅಧ್ಯಯನದಿಂದ ಕೊರಲೆ, ಕಾಡುನವಣೆಯ ಜಾತಿಯ ಕಿರುಧಾನ್ಯ, ಹುರುಳಿ, ಹೆಸರು ಇವು ಆ ಜನರ ಮುಖ್ಯ ಬೆಳೆಗಳಾಗಿದ್ದವೆಂದು ತಿಳಿದುಬಂದಿದೆ. ಗೋಧಿ, ಬಾರ್ಲಿ ಹೊರಗಿನಿಂದ ಬಂದುದು ಆಮೇಲೆ. ಜಗತ್ತಿನಲ್ಲಿ ಬೇಸಾಯ ಹುಟ್ಟಿದ ಕೇಂದ್ರಗಳನ್ನು ಪಟ್ಟಿಮಾಡುವಾಗ ದಕ್ಷಿಣ ಭಾರತದ ಒಣನಾಡನ್ನೂ ಹೆಸರಿಸುವಂತೆ ಮಾಡಿದ ಸಾಕ್ಷ್ಯಗಳಲ್ಲಿ ಬಳ್ಳಾರಿಯ ಗುಡ್ಡಗಳದು ದೊಡ್ಡ ಪಾಲು. ತುಮಕೂರು, ಚಿತ್ರದುರ್ಗದ ಕಡೆ ಈಗಲೂ ಉಳಿದಿರುವ ಕೊರಲೆಯ ಹೊಲಕ್ಕೂ ಈ ನೆತ್ತಿಗಳಿಗೂ ನೇರವಾದ ನಂಟಿದೆ. ಸಿರಿಧಾನ್ಯಗಳಿಗಾಗಿ ಮೇಳ ನಡೆಸುವ ಸರ್ಕಾರಕ್ಕೆ ಆ ಧಾನ್ಯಗಳ ತವರಾದ ಗುಡ್ಡದ ನೆನಪಿಲ್ಲದಿರುವುದು ವಿಪರ್ಯಾಸ.

ಆರೋಹಣದ ಮಾತು ಬಂದಾಗ ಕುಪ್ಪಗಲ್ಲಿನ ಚಿತ್ರಗಳನ್ನು ಮರೆಯುವಂತಿಲ್ಲ. ಬಿಳಿಗಲ್ಲಿನ ಗುಡ್ಡವನ್ನು ಸೀಳಿಕೊಂಡು ಸಾಗುವ ಕಪ್ಪು ಡಾಲರೈಟ್ ಶಿಲೆಯ ಪಟ್ಟಿಯ ಮೇಲೆ ನೀಳಕೊಂಬಿನ, ಹಿಣಿಲುಳ್ಳ ಎತ್ತುಗಳೂ ಮನುಷ್ಯರೂ ಗುದ್ದಿ ಮೂಡಿಸಿದ ರೇಖೆಗಳಲ್ಲಿ ನಿಂತಿದ್ದಾರೆ. ಇವುಗಳ ಬಗ್ಗೆ 1892ರಷ್ಟು ಹಿಂದೆಯೇ ಫಾಸೆಟ್ ಎಂಬ ಅಧಿಕಾರಿ ಬರೆದಿದ್ದರು. 2004ರಲ್ಲಿ ಬೊಯ್ವಿನ್ ಪ್ರಕಟಿಸಿದ ಅಧ್ಯಯನ ಇನ್ನೊಂದು ಸಂಗತಿಯತ್ತ ಗಮನ ಸೆಳೆಯಿತು: ಕೆಲವು ಚಿತ್ರಗಳಿರುವ ಜಾಗ ಎಷ್ಟು ದುರ್ಗಮವೆಂದರೆ, ಚಿತ್ರ ಕೊರೆದವನು ಮೇಲಿನ ಬಂಡೆಯಿಂದ ಜೋತುಬಿದ್ದೇ ಕೊರೆದಿರಬೇಕು. ಸಮೀಪದಲ್ಲೇ ಕಲ್ಲಿನಿಂದ ಬಡಿದರೆ ಗಂಟೆಯಂತೆ ನಾದ ಹೊಮ್ಮಿಸುವ ಬಂಡೆಗಳಿವೆ. ಬಡಿದು ಬಡಿದು ಬಿದ್ದ ಕುಳಿಗಳು ಅವುಗಳ ಮೇಲಿವೆ. ಹಗ್ಗ, ಕೊಕ್ಕೆ, ಪ್ರಾಣವಾಯುವಿನ ಸಿಲಿಂಡರು ಯಾವುದೂ ಇಲ್ಲದೆ ಸಾವಿರಾರು ವರ್ಷಗಳ ಹಿಂದೆ ನಡೆದ ಈ ಆರೋಹಣಕ್ಕೆ ದಿನಾಂಕವಿಲ್ಲ, ಹೆಸರಿಲ್ಲ. ಸಾಕ್ಷಿಯೆಂದರೆ ಆ ಬಂಡೆಯೊಂದೇ.

ಬಂಡೆಯನ್ನು ದಾಖಲೆಯಾಗಿ ಕಂಡವರಲ್ಲಿ ಚಕ್ರವರ್ತಿಯೂ ಇದ್ದ. ಸಿರುಗುಪ್ಪ ತಾಲ್ಲೂಕಿನ ನಿಟ್ಟೂರು ಮತ್ತು ಉದೇಗೊಳಗಳಲ್ಲಿ ಕ್ರಿಸ್ತಪೂರ್ವ ಮೂರನೆಯ ಶತಮಾನದ ಅಶೋಕನ ಶಾಸನಗಳು ಇರುವುದು ಇಂಥ ಹಾಸುಬಂಡೆಗಳ ಮೇಲೆಯೇ. ಅವು ವಿದ್ವಾಂಸರ ಗಮನಕ್ಕೆ ಬಂದುದು 1970ರ ದಶಕದಲ್ಲಿ. ಅದಕ್ಕೆ ಮೊದಲೇ ಯಾರಾದರೂ ಆ ಬಂಡೆಗಳನ್ನು ಒಡೆದು ಮನೆಯ ಅಡಿಪಾಯಕ್ಕೆ ಹಾಕಿದ್ದರೆ ಏನನ್ನು ಕಳೆದುಕೊಂಡೆವೆಂಬುದೂ ತಿಳಿಯುತ್ತಿರಲಿಲ್ಲ.

ಕೋಟೆಗಾಗಿ ಹತ್ತಿದವರು

ಎರಡನೆಯ ಅಧ್ಯಾಯ ಅರಸರದು. ಕಲ್ಯಾಣದ ಚಾಲುಕ್ಯರ ಸಾಮಂತರಾಗಿದ್ದ ಸಿಂದರು ಕುರುಗೋಡನ್ನು ರಾಜಧಾನಿಯಾಗಿಸಿಕೊಂಡು ಬಳ್ಳಕುಂದೆ ನಾಡನ್ನು ಆಳಿದರು. ಕುರುಗೋಡಿನ ಗುಡ್ಡದ ಮೇಲೆ ಕೋಟೆ, ಬುಡದಲ್ಲಿ ದೇಗುಲಗಳು, ದೊಡ್ಡಬಸವೇಶ್ವರನ ಗುಡಿಯಲ್ಲಿ ಆಳೆತ್ತರ ಮೀರಿದ ಏಕಶಿಲೆಯ ನಂದಿ: ಇಡೀ ಊರು ಕಲ್ಲಿನಿಂದ ಹುಟ್ಟಿ ಕಲ್ಲಿಗೆ ಒರಗಿ ನಿಂತಿದೆ. ಬಳ್ಳಾರಿ ಗುಡ್ಡದ ಮೇಲ್ಕೋಟೆ ಹನುಮಪ್ಪ ನಾಯಕನದೆಂದು ಪ್ರತೀತಿ. ಕೆಳಕೋಟೆ ಹೈದರಾಲಿಯ ಕಾಲದ್ದು. ಅದನ್ನು ಕಟ್ಟಿಸಿದ ಫ್ರೆಂಚ್ ಎಂಜಿನಿಯರನು ಪಕ್ಕದ ಕುಂಬಾರ ಗುಡ್ಡ ಕೋಟೆಗಿಂತ ಎತ್ತರವಾಗಿರುವುದನ್ನು ಗಮನಿಸಲಿಲ್ಲವೆಂದೂ, ಅಲ್ಲಿಂದ ಶತ್ರು ಗುಂಡು ಹಾರಿಸಬಹುದೆಂದು ಅರಿತ ಹೈದರ್ ಅವನನ್ನು ಗಲ್ಲಿಗೇರಿಸಿದನೆಂದೂ ಬಳ್ಳಾರಿಯ ಜನ ಇಂದಿಗೂ ಹೇಳುತ್ತಾರೆ. ಕಥೆ ನಿಜವೋ ಸುಳ್ಳೋ, ಅದರ ವಿವೇಕ ನಿಜ: ಒಂದು ಗುಡ್ಡವನ್ನು ಬಿಡಿಯಾಗಿ ಅಳೆಯಲಾಗದು. ಪಕ್ಕದ ಗುಡ್ಡವನ್ನೂ ನೋಡಬೇಕು. ಇಂದು ಸ್ಮಾರಕಗಳನ್ನು ಕಾಯುವ ಕಾನೂನು ಮಾಡುತ್ತಿರುವ ತಪ್ಪೂ ಆ ಎಂಜಿನಿಯರನದೇ.

ಹತ್ತದೆಯೇ ಇಳಿಸುವವರು

ಮೂರನೆಯ ಅಧ್ಯಾಯದಲ್ಲಿ ಯಾರೂ ಗುಡ್ಡ ಹತ್ತುವುದಿಲ್ಲ, ಗುಡ್ಡವನ್ನೇ ಕೆಳಗಿಳಿಸುತ್ತಾರೆ. ಕುಪ್ಪಗಲ್ಲಿನ ಚಿತ್ರಗಳಿಗೆ ಕಲ್ಲುಗಣಿಯಿಂದ ಆಗುತ್ತಿರುವ ಹಾನಿಯ ಬಗ್ಗೆ 2004ರಲ್ಲೇ ಸಂಶೋಧಕರು ಜಗತ್ತಿನ ಮುಂದೆ ಎಚ್ಚರಿಕೆ ನೀಡಿದರು. ಅದಾದ ಮೇಲೆ ಕಟ್ಟಡಗಳ ಹಸಿವು ಹಲವು ಪಟ್ಟು ಹಿಗ್ಗಿದೆ. ನದಿಯ ಮರಳಿಗೆ ಕಡಿವಾಣ ಬಿದ್ದಂತೆ ಬಂಡೆಯನ್ನೇ ಪುಡಿಮಾಡಿದ ಎಂ-ಸ್ಯಾಂಡ್ ಅದರ ಜಾಗಕ್ಕೆ ಬಂದಿದೆ. ನದಿಯ ಮೇಲಿನ ಭಾರವನ್ನು ಇಳಿಸಿ ಗುಡ್ಡದ ಮೇಲೆ ಹೊರಿಸಿದುದನ್ನೇ ಪರಿಸರ ರಕ್ಷಣೆಯೆಂದು ಬಣ್ಣಿಸಲಾಗುತ್ತಿದೆ.

ಗಣಿಯ ಪರವಾಗಿ ಮೂರು ವಾದಗಳು ಪದೇ ಪದೇ ಕೇಳಿಬರುತ್ತವೆ. ಮೊದಲನೆಯದು: ಕಲ್ಲು ಬೇಕೇ ಬೇಕು, ಕೂಲಿಯೂ ಬೇಕು. ಸರಿಯಾದ ಮಾತು. ಕಲ್ಲು ತೆಗೆಯಲೇಬಾರದೆಂದು ಯಾರೂ ಹೇಳುತ್ತಿಲ್ಲ. ಯಾವ ಗುಡ್ಡದಿಂದ, ಎಷ್ಟು, ಯಾರನ್ನು ಕೇಳಿ ಎಂಬುದಷ್ಟೇ ಪ್ರಶ್ನೆ. ಗುಡ್ಡದ ಮೇಲೆ ಏನಿದೆಯೆಂದು ನೋಡುವ ಮೊದಲೇ ಗುತ್ತಿಗೆ ಕೊಡುವ ಕ್ರಮಕ್ಕೂ ಕಲ್ಲಿನ ಅಗತ್ಯಕ್ಕೂ ಸಂಬಂಧವಿಲ್ಲ.

ಎರಡನೆಯ ವಾದ ಹೆಚ್ಚು ಜಾಣತನದ್ದು: ನವಶಿಲಾಯುಗದ ಜನರೂ ಇಲ್ಲಿ ಕಲ್ಲು ಒಡೆದರಲ್ಲವೇ? ಹೌದು, ಒಡೆದರು. ಹಿರೇಗುಡ್ಡದ ಡಾಲರೈಟ್ ಪಟ್ಟಿಯಿಂದ ಕಲ್ಲು ತೆಗೆದು ಕೊಡಲಿಗಳನ್ನು ಮಾಡುವ ದೊಡ್ಡ ಕಾರ್ಯಾಗಾರವೇ ಅಲ್ಲಿತ್ತು. ಆದರೆ ನೂರಾರು ವರ್ಷ ಆ ಕೆಲಸ ನಡೆದ ಮೇಲೂ ಗುಡ್ಡ ಗುಡ್ಡವಾಗಿಯೇ ಉಳಿಯಿತು. ಅವರು ಚೆಲ್ಲಿದ ಚಕ್ಕೆಗಳೇ ಇಂದು ಚರಿತ್ರೆಯ ಆಕರಗಳಾಗಿವೆ. ಒಡೆಯುವ ಕೈಗೂ ಬಾಳುವ ಮನೆಗೂ ಒಂದೇ ಗುಡ್ಡ ನೆಲೆಯಾಗಿದ್ದಾಗ ಮಿತಿ ತಾನಾಗಿ ಹುಟ್ಟುತ್ತದೆ. ಗುತ್ತಿಗೆದಾರ ಒಂದು ಊರಲ್ಲಿ, ಯಂತ್ರ ಇನ್ನೊಂದು ಊರಲ್ಲಿ, ಧೂಳು ಮಾತ್ರ ಮೂರನೆಯ ಊರಲ್ಲಿ ಎನ್ನುವಾಗ ಮಿತಿ ಎಲ್ಲಿಂದ ಬರಬೇಕು?

ಮೂರನೆಯ ವಾದ: ಛಾಯಾಚಿತ್ರ ತೆಗೆದು, ವಸ್ತುಗಳನ್ನು ಸಂಗ್ರಹಾಲಯದಲ್ಲಿಟ್ಟರೆ ಸಾಲದೇ? ಕೊಡಲಿಯನ್ನು ಗಾಜಿನ ಪೆಟ್ಟಿಗೆಯಲ್ಲಿ ಇಡಬಹುದು. ಜೋತುಬಿದ್ದು ಚಿತ್ರ ಬರೆದ ಬಂಡೆಯ ದುರ್ಗಮತೆಯನ್ನು ಇಡಲಾಗದು. ನಾದದ ಬಂಡೆ ತಾನಿರುವ ಜಾಗದಲ್ಲಿ ನುಡಿದಾಗ ಕಣಿವೆಗೆ ಕೇಳುವ ದನಿಯನ್ನು ಇಡಲಾಗದು. ಗುಡ್ಡದಿಂದ ಬೇರೆಯಾದ ಸಾಕ್ಷ್ಯ ಅರ್ಧ ಸಾಕ್ಷ್ಯ.

ಇದೇ ಬಗೆಯ ಬಂಡೆಗಳು ಹಂಪಿಯಲ್ಲಿವೆ. 1986ರಲ್ಲಿ ಯುನೆಸ್ಕೋ ಅಲ್ಲಿನ ಸ್ಮಾರಕ ಸಮೂಹವನ್ನು ವಿಶ್ವ ಪರಂಪರೆಯೆಂದು ಘೋಷಿಸಿತು. ಆ ಬಂಡೆಗಳನ್ನು ಬರಿಗೈಯಲ್ಲಿ ಹತ್ತಲು ದೇಶವಿದೇಶಗಳ ಆರೋಹಿಗಳು ಬರುತ್ತಾರೆ. 2021ರಲ್ಲಿ ವಿಜಯನಗರ ಜಿಲ್ಲೆ ಬೇರೆಯಾದ ಮೇಲೆ ಹಂಪಿ ಒಂದು ಜಿಲ್ಲೆಯ ಕಿರೀಟವಾಯಿತು. ಅದಕ್ಕಿಂತ ಮೂರು ಸಾವಿರ ವರ್ಷ ಹಳೆಯದಾದ ಸಂಗನಕಲ್ಲಿನ ನೆಲೆಯಿರುವ ಜಿಲ್ಲೆಗೆ ಗುಡ್ಡವೆಂದರೆ ಜಲ್ಲಿಯ ರಾಶಿ. ಶಿಲೆ ಅದೇ, ಬೆಲೆ ಕಟ್ಟುವ ಕಣ್ಣು ಬೇರೆ.

ಗುಡ್ಡ, ನೀರು, ಹೊಲ

ಬೋಳು ಬಂಡೆಯಿಂದ ಬೇಸಾಯಕ್ಕೇನು ಉಪಯೋಗ ಎಂದು ಕೇಳುವವರು ಒಂದು ಸರಳ ಲೆಕ್ಕವನ್ನು ಮಾಡಿ ನೋಡಬೇಕು. ಒಂದು ಹೆಕ್ಟೇರ್ ಬಂಡೆಯ ಮೇಲೆ 10 ಮಿಲಿಮೀಟರ್ ಮಳೆ ಬಿದ್ದರೆ ಅದು ಒಂದು ಲಕ್ಷ ಲೀಟರ್ ನೀರು. ಮಣ್ಣಿನ ಹೊಲದಲ್ಲಿ ಅಂಥ ಸಣ್ಣ ಮಳೆಯ ಬಹುಪಾಲು ಮೇಲ್ಪದರದಲ್ಲೇ ನಿಂತು ಆವಿಯಾಗುತ್ತದೆ. ಬಂಡೆಯ ಮೇಲಿನ ನೀರು ಹರಿದು ಬುಡದ ಮರಳುಮಣ್ಣಿಗೆ ಇಳಿಯುತ್ತದೆ. ವರ್ಷಕ್ಕೆ ಸುಮಾರು 500 ಮಿಲಿಮೀಟರ್ ಮಳೆಯಷ್ಟೇ ಬೀಳುವ ಬಳ್ಳಾರಿಯಂಥ ಸೀಮೆಯಲ್ಲಿ ಗುಡ್ಡದ ಬುಡದ ಬಾವಿ, ಕುಂಟೆ, ಕೆರೆಗಳು ಬಯಲಿನವಕ್ಕಿಂತ ಹೆಚ್ಚು ದಿನ ಬಾಳುವುದು ಇದೇ ಕಾರಣಕ್ಕೆ. ಬಂಡೆಯೆಂದರೆ ಕಾಸು ಖರ್ಚಿಲ್ಲದ ನೀರಿನ ಚಾವಣಿ. ಅದನ್ನು ಒಡೆದು ಗುಂಡಿ ಮಾಡಿದಾಗ ನೀರು ಗುಂಡಿಯಲ್ಲಿ ನಿಲ್ಲುತ್ತದೆ, ಹೊಲಕ್ಕೆ ಬರುವುದಿಲ್ಲ. ಬರುವುದು ಕಲ್ಲಿನ ಧೂಳು. ಎಲೆಯ ಮೇಲೆ ಕುಳಿತ ಧೂಳು ಬೆಳಕನ್ನು ತಡೆದು ಪತ್ರರಂಧ್ರಗಳನ್ನು ಮುಚ್ಚುತ್ತದೆ. ಇಳುವರಿಯಲ್ಲಿ ಆಗುವ ಆ ನಷ್ಟ ಗಣಿಯ ರಾಜಧನದ ಲೆಕ್ಕದಲ್ಲಿ ಎಂದೂ ಕಾಣಿಸುವುದಿಲ್ಲ. ಬಂಡೆಗಳ ಗವಿಗಳು ಕರಡಿಯ ಮನೆ ಎಂಬುದನ್ನು ಒಪ್ಪಿಯೇ 1994ರಲ್ಲಿ ದರೋಜಿಯ ಕರಡಿಧಾಮ ಸ್ಥಾಪನೆಯಾಯಿತು. ಅಲ್ಲಿ ಅರಣ್ಯವಾದುದು ಕೆಲವೇ ಮೈಲಿ ಆಚೆ ಖರಾಬು.

ಮಲೆನಾಡಿನ ಓದುಗರಿಗೆ ಇದು ದೂರದ ಸೀಮೆಯ ಸಂಕಟವೆಂದು ತೋರಬಹುದು. ಹಾಗಲ್ಲ. ತುಂಗೆ ಮತ್ತು ಭದ್ರೆ ಹುಟ್ಟುವುದು ಪಶ್ಚಿಮಘಟ್ಟದ ಗಂಗಾಮೂಲದಲ್ಲಿ. ಅವುಗಳ ನೀರು ಕೂಡಿ ಸಿರುಗುಪ್ಪದ ಗದ್ದೆಗಳಿಗೆ ಹರಿಯುತ್ತದೆ. ತುಂಗಭದ್ರಾ ಜಲಾಶಯದ ಮೂಲ ಸಾಮರ್ಥ್ಯ ಸುಮಾರು 133 ಟಿಎಂಸಿ ಅಡಿ. ಹೂಳು ತುಂಬಿ ಈಗ ಉಳಿದಿರುವುದು ಸುಮಾರು 105.8. ಈ ಹೂಳೆಲ್ಲ ಗಣಿಗಳದಲ್ಲ. ಇಳಿಜಾರಿನ ಹೊಲಗಳಿಂದ ಕೊಚ್ಚಿಹೋದ ಮಣ್ಣೂ ಅದರಲ್ಲಿದೆ. ಆದರೆ ಮೇಲೆ ಬೆಟ್ಟ ಬಗೆದರೆ ಕೆಳಗೆ ಗದ್ದೆ ಬಳಲುತ್ತದೆಂಬ ನಿಯಮಕ್ಕೆ ಇದಕ್ಕಿಂತ ದೊಡ್ಡ ಪಾಠ ಬೇಕಿಲ್ಲ. ಭದ್ರೆಯ ಒಡಲಿಗೆ ಮಣ್ಣು ಸುರಿಯುತ್ತಿದ್ದ ಕುದುರೆಮುಖದ ಗಣಿಗಾರಿಕೆ ಜನಹೋರಾಟ ಮತ್ತು 2002ರ ಸುಪ್ರೀಂ ಕೋರ್ಟ್ ತೀರ್ಪಿನ ಫಲವಾಗಿ 2005ರ ಕೊನೆಗೆ ನಿಂತಿತು. ಅದೇ ಕಂಪನಿ ಮುಂದೆ ಬಳ್ಳಾರಿ ಜಿಲ್ಲೆಯ ಸಂಡೂರಿನ ದೇವದಾರಿ ಬೆಟ್ಟಸಾಲಿನಲ್ಲಿ ಸುಮಾರು 400 ಹೆಕ್ಟೇರ್ ಅರಣ್ಯವನ್ನು ಅದಿರಿಗಾಗಿ ಕೇಳಿತು. ಸುಮಾರು 99 ಸಾವಿರ ಮರಗಳು ಉರುಳುತ್ತವೆಂಬ ವಿಷಯ 2024ರಲ್ಲಿ ದೊಡ್ಡ ವಿವಾದವಾಯಿತು. ಒಂದು ಬೆಟ್ಟ ಗೆದ್ದರೆ ಹೋರಾಟ ಮುಗಿಯಿತೆಂದು ಭಾವಿಸುವವರಿಗೆ ಇದು ಉತ್ತರ: ಹಸಿವು ಸಾಯುವುದಿಲ್ಲ, ಬೆಟ್ಟ ಬದಲಾಯಿಸುತ್ತದೆ.

ಸಂಡೂರಿನ ಪರವಾಗಿ ದನಿ ಎತ್ತಲು ಅಲ್ಲಿ ಕನಿಷ್ಠ ಮರಗಳಿವೆ, ಅರಣ್ಯ ಕಾನೂನಿದೆ. 2011ರಲ್ಲಿ ಲೋಕಾಯುಕ್ತರ ವರದಿ ಮತ್ತು ಸುಪ್ರೀಂ ಕೋರ್ಟಿನ ತಡೆ ಬಂದುದು ಕಬ್ಬಿಣದ ಅದಿರಿಗೆ. ಮರವಿಲ್ಲದ, ಅದಿರಿಲ್ಲದ, ಎತ್ತರವಿಲ್ಲದ ಕಗ್ಗಲ್ಲಿನ ಗುಡ್ಡಕ್ಕೆ ಯಾವ ನ್ಯಾಯಾಲಯದ ಮುಂದೆ ಯಾವ ಹೆಸರಿನಲ್ಲಿ ನಿಲ್ಲಬೇಕೆಂಬುದೇ ಸ್ಪಷ್ಟವಿಲ್ಲ.

ಆಗಬೇಕಾದುದು

ಮೊದಲನೆಯದಾಗಿ, ಬಳ್ಳಾರಿ, ಕುರುಗೋಡು, ಸಿರುಗುಪ್ಪ ತಾಲ್ಲೂಕುಗಳ ಪ್ರತಿಯೊಂದು ಕಲ್ಲುಗುಡ್ಡದ ಪುರಾತತ್ತ್ವ, ಜೀವವೈವಿಧ್ಯ ಮತ್ತು ನೀರಿನ ಸಮೀಕ್ಷೆ ನಡೆಯಬೇಕು. ಅದು ಮುಗಿದು ಗ್ರಾಮಸಭೆಯ ಮುಂದೆ ಬರುವವರೆಗೆ ಹೊಸ ಗುತ್ತಿಗೆ ಕೊಡಕೂಡದು. ಎರಡನೆಯದಾಗಿ, ಪ್ರಾಚೀನ ನೆಲೆಯಿರುವಲ್ಲಿ ಚಿತ್ರವಿರುವ ಬಂಡೆಯನ್ನು ಮಾತ್ರವಲ್ಲ, ನೆತ್ತಿಯಿಂದ ಬುಡದವರೆಗೆ ಇಡೀ ಗುಡ್ಡವನ್ನೂ ಅದರ ನೆರೆಯ ಗುಡ್ಡಗಳನ್ನೂ ಒಂದೇ ಘಟಕವಾಗಿ ರಕ್ಷಿಸಬೇಕು. ಕೇಂದ್ರ ರಕ್ಷಿತ ಸ್ಮಾರಕಗಳ ಸುತ್ತ 100 ಮೀಟರ್ ನಿಷೇಧಿತ ವಲಯವೆಂದು 2010ರ ತಿದ್ದುಪಡಿ ಹೇಳುತ್ತದೆ. ಗುಡ್ಡವೇ ಸ್ಮಾರಕವಾದಾಗ ಆ ಅಳತೆ ಸಾಲದು. ಮೂರನೆಯದಾಗಿ, 2002ರ ಜೀವವೈವಿಧ್ಯ ಕಾಯಿದೆಯಲ್ಲಿರುವ ಪಾರಂಪರಿಕ ತಾಣದ ಅವಕಾಶವನ್ನು ಕಲ್ಲುಗುಡ್ಡಗಳಿಗೂ ಬಳಸಬೇಕು. ನಾಲ್ಕನೆಯದಾಗಿ, ಬಂಡೆಯ ಬೆಟ್ಟಗಳಿಗೆ ಕಂದಾಯ ದಾಖಲೆಯಲ್ಲಿ ಖರಾಬು ಎಂಬ ಪದ ಹೋಗಿ ಬೆಟ್ಟವೆಂಬ ಪದವೇ ಬರಬೇಕು.

ರಕ್ಷಣೆಯೆಂದರೆ ಪ್ರವಾಸಿಗರ ಜಾತ್ರೆಯೂ ಅಲ್ಲ. 2024ರ ಜನವರಿಯಲ್ಲಿ ಕುಮಾರಪರ್ವತಕ್ಕೆ ಚಾರಣಿಗರು ಮುಗಿಬಿದ್ದು, ಸರ್ಕಾರವೇ ಕಡಿವಾಣ ಹಾಕಬೇಕಾಗಿ ಬಂದುದನ್ನು ಮಲೆನಾಡು ಕಂಡಿದೆ. ಇದಕ್ಕೆ ವಿರುದ್ಧವಾದ ಉದಾಹರಣೆಯೂ ಚರಿತ್ರೆಯಲ್ಲಿದೆ. 1955ರ ಮೇ 25ರಂದು ಜೋ ಬ್ರೌನ್ ಮತ್ತು ಜಾರ್ಜ್ ಬ್ಯಾಂಡ್ 8,586 ಮೀಟರ್ ಎತ್ತರದ ಕಾಂಚನಜುಂಗಾವನ್ನು ಹತ್ತಿ, ನೆತ್ತಿಗೆ ಕೆಲವೇ ಅಡಿಗಳಿರುವಾಗ ನಿಂತರು. ಸಿಕ್ಕಿಮಿನ ಜನರಿಗೆ ಆ ಶಿಖರ ಪವಿತ್ರ. ಅದನ್ನು ತುಳಿಯುವುದಿಲ್ಲವೆಂದು ಅಲ್ಲಿನ ದೊರೆಗೆ ಮಾತು ಕೊಡಲಾಗಿತ್ತು. ಜಗತ್ತಿನ ಮೂರನೆಯ ಅತಿ ಎತ್ತರದ ಪರ್ವತದ ಮುಂದೆ ಮನುಷ್ಯ ಕೆಲವು ಅಡಿ ಬಿಟ್ಟುಕೊಡಬಲ್ಲನಾದರೆ, 450 ಅಡಿಯ ಗುಡ್ಡದ ಮುಂದೆಯೂ ನಿಲ್ಲಬಲ್ಲ.

ಕುಪ್ಪಗಲ್ಲಿನ ಬಂಡೆಗೆ ಜೋತುಬಿದ್ದು ಎತ್ತಿನ ಚಿತ್ರ ಕೊರೆದವನು ತನ್ನ ಹೆಸರನ್ನು ಬರೆಯಲಿಲ್ಲ. ಬಾವುಟ ನೆಡಲಿಲ್ಲ. ಮುಂದೆ ಬರುವವರು ನೋಡಲೆಂದು ಗುಡ್ಡವನ್ನು ಉಳಿಸಿ ಹೋದ. ಅಕ್ಷರ ಬಲ್ಲ, ಕಾನೂನು ಬಲ್ಲ, ಭೂಪಟ ಬಲ್ಲ ಇಂದಿನ ಪೀಳಿಗೆಯಿಂದ ಕೇಳುತ್ತಿರುವುದು ಅಷ್ಟನ್ನೇ.